ಸತ್ತವನ ನಡಿಗೆ

ಬೆಳಗಿನ ಜಾವ. ಯೋಜಾ ಕೊಲ್ಲಿಯ ನೀರು ಹಿಂದಕ್ಕೆ ಸರಿದಿದೆ, ಕಣ್ಣು ಹೋದಷ್ಟು ದೂರ ಬರೀ ಕೆಸರು. ಫೆಬ್ರವರಿಯ ಗಾಳಿ ಕಿವಿ ಕುಯ್ಯುತ್ತಿದೆ. ದಂಡೆಯ ಮೇಲೆ ಸಿನಿಮಾದವರ ಲಾರಿಗಳು, ದೀಪದ ಕಂಬಗಳು, ಕಾಫಿ ಲೋಟ ಹಿಡಿದು ನಡುಗುತ್ತಿರುವ ಜನ. ಕೆಸರಿನೊಳಗೆ ಮಾತ್ರ ಒಬ್ಬರೇ ಒಬ್ಬರು, ಮೀನುಗಾರನ ಹರಕು ಅಂಗಿ ತೊಟ್ಟು, ಅತ್ತಿಂದಿತ್ತ ನಡೆಯುತ್ತಿದ್ದಾರೆ. ನಾಲ್ಕು ಹೆಜ್ಜೆ ಹಾಕುತ್ತಾರೆ, ನಿಲ್ಲುತ್ತಾರೆ, ತಲೆ ಕೊಡವುತ್ತಾರೆ, ಮತ್ತೆ ಮೊದಲಿನಿಂದ ಶುರು ಮಾಡುತ್ತಾರೆ.

"ಮೇಷ್ಟ್ರಿಗೆ ರಾತ್ರಿ ಕುಡಿದಿದ್ದು ಇನ್ನೂ ಇಳಿದಿಲ್ಲ ಕಣೋ," ಎಂದು ದೀಪ ಹಿಡಿಯುವವನೊಬ್ಬ ನಗುತ್ತಾನೆ.

ಮಾತು ಗಾಳಿಯಲ್ಲಿ ತೇಲಿ ಅವರ ಕಿವಿಗೂ ಬೀಳುತ್ತದೆ. "ಇಳಿದಿದ್ರೆ ಈ ಚಳೀಲಿ ಇಲ್ಲಿ ನಿಂತಿರ್ತಿದ್ನೇನಪ್ಪಾ?" ಎಂದು ಅಲ್ಲಿಂದಲೇ ಕೂಗುತ್ತಾರೆ. ಮತ್ತೆ ನಾಲ್ಕು ಹೆಜ್ಜೆ.

ಇವರು ಟಾಕ್ ಮುನ್‌ಗಿಲ್. ವಯಸ್ಸು ಅರವತ್ತಮೂರು. ಹೆಸರು ಹೇಳಿದರೆ ಯಾರಿಗೂ ಗೊತ್ತಿಲ್ಲ, ಮುಖ ಕಂಡರೆ ಎಲ್ಲರಿಗೂ ಎಲ್ಲೋ ನೋಡಿದ ಹಾಗಿರುತ್ತದೆ. ಮೂವತ್ತೈದು ವರ್ಷಗಳಿಂದ ನಮ್ಮ ಸಿನಿಮಾಗಳಲ್ಲಿ ಇವರು ಇದ್ದಾರೆ. ಬಡ್ಡಿ ವಸೂಲಿಗೆ ಬರುವ ರೌಡಿ, ಉತ್ತರ ಕೊರಿಯಾದ ಕರ್ನಲ್, ಹಂದಿ ಕಡಿಯುವವನು, ಅರಸನ ಸಾರಿಗೆ ವಿಷ ಬೆರೆಸುವ ಅಡುಗೆಯವನು, ಮಗಳನ್ನು ಕಳೆದುಕೊಂಡ ಟ್ಯಾಕ್ಸಿಯವನು, ಬೆಟ್ಟದ ಮೇಲಿನ ಮುದಿ ಭಿಕ್ಷು. ಒಂದು ಪಾತ್ರ ಮತ್ತೊಂದರ ಹಾಗೆ ಕೂರುವುದಿಲ್ಲ, ಏಳುವುದಿಲ್ಲ, ಸಿಗರೇಟು ಹಚ್ಚುವುದಿಲ್ಲ. ರೌಡಿಯೂ ಭಿಕ್ಷುವೂ ಒಬ್ಬರೇ ಎಂದು ಹೇಳಿದರೆ ನೋಡಿದವರು ಜಗಳಕ್ಕೆ ಬರುತ್ತಾರೆ.

ಸಿಯೋಲಿನ ಊಟದ ಅಂಗಡಿಗಳಲ್ಲಿ ಬಡಿಸುವ ಹೆಂಗಸರು ಇವರನ್ನು ದಿಟ್ಟಿಸಿ ನೋಡಿ, "ನೀವು ನಮ್ಮ ಚಿಕ್ಕಪ್ಪನ ಮಗಳ ಮದುವೆಗೆ ಬಂದಿದ್ರಿ ಅಲ್ವಾ?" ಎಂದು ಕೇಳುತ್ತಾರೆ. "ಹೌದಮ್ಮ, ಊಟ ಬಹಳ ಚೆನ್ನಾಗಿತ್ತು," ಎನ್ನುತ್ತಾರೆ ಇವರು. ಅಲ್ಲ ಎಂದರೆ ಆಕೆಗೆ ಬೇಜಾರಾಗುತ್ತದಂತೆ.

ಪ್ರಶಸ್ತಿಯ ರಾತ್ರಿ ಕೆಂಪು ಹಾಸಿನ ಮೇಲೆ ಹಲ್ಲು ಕಿರಿಯುವವರಲ್ಲಿ ಈ ಮನುಷ್ಯ ಒಂದು ಸಲವೂ ನಿಂತಿಲ್ಲ. ನಾಯಕನ ಕಣ್ಣೀರಿಗೆ ಹತ್ತು ಪುಟ ಬರೆಯುವ ಪತ್ರಿಕೆಗಳು, ಆ ಕಣ್ಣೀರು ಬರಲೆಂದು ಎದುರಿಗೆ ಹೆಣವಾಗಿ ಬಿದ್ದವನ ಹೆಸರನ್ನು ಒಂದು ಸಾಲಿನಲ್ಲಿ ಹಾಕುವುದಿಲ್ಲ. ಹಾಕಿದರೂ ತಪ್ಪಾಗಿ ಹಾಕುತ್ತವೆ. ಈ ಪತ್ರಿಕೆಯೂ ಎರಡು ಸಲ ತಪ್ಪಾಗಿ ಹಾಕಿದೆ. ಅದನ್ನು ನೆನಪಿಸಿದರೆ ಟಾಕ್ ನಗುತ್ತಾರೆ. "ನನ್ನ ಪಾತ್ರಗಳಿಗೇ ಹೆಸರಿರಲ್ಲ. ನನಗೆ ಯಾಕೆ ಬೇಕು ಬಿಡಿ."

ಅವರಿಗೆ ಬೇಕಾಗಿರುವುದು ಬೇರೆ. ಬೋಲ್‌ಗ್ಯೊ ಪಟ್ಟಣದ ವೃದ್ಧರ ಆರೈಕೆ ಮನೆಯಲ್ಲಿ, ಎರಡನೆಯ ಮಹಡಿಯ ಕಿಟಕಿಯ ಪಕ್ಕದ ಹಾಸಿಗೆಯಲ್ಲಿ, ಅವರ ತಾಯಿ ಇದ್ದಾರೆ. ಬಾಂಗ್ ಸೂನ್‌ದೋಕ್, ಎಂಬತ್ತೊಂಬತ್ತು ವರ್ಷ. ಆಕೆಯ ಲೆಕ್ಕದಲ್ಲಿ ಮಗ ಸತ್ತು ಮೂರು ವರ್ಷವಾಯಿತು. ಆತ ಬದುಕಿದ್ದಾನೆ ಎಂದು ಆಕೆಗೆ ಒಂದು ಸಲ ಗೊತ್ತಾಗಬೇಕು. ಅಷ್ಟೇ.

ಈ ಕೆಸರು ಅವರಿಗೆ ಹೊಸದಲ್ಲ. ಹುಟ್ಟೂರು ಇಲ್ಲಿಂದ ಎರಡು ಊರು ಆಚೆ. ತಂದೆ ದೋಣಿಯ ಜೊತೆ ಹೋದವರು ಹಿಂದಿರುಗಲಿಲ್ಲ. ತಾಯಿ ಕೆಸರಿಗಿಳಿದು ಕಪ್ಪೆಚಿಪ್ಪು ಆಯ್ದು ಮಾರಿ ಇಬ್ಬರು ಮಕ್ಕಳನ್ನು ಸಾಕಿದರು. ದಂಡೆಯಂಚಿನ ಗಟ್ಟಿ ಕೆಸರು ಬಿಟ್ಟು ಒಳಗೆ ಸುಮ್ಮನೆ ನಡೆದರೆ ತೊಡೆಯವರೆಗೆ ಹೂತುಹೋಗುತ್ತಾರೆ. ಅದಕ್ಕೇ ಹೆಂಗಸರು ಉದ್ದನೆಯ ಹಲಗೆಯ ಮೇಲೆ ಎಡ ಮಂಡಿ ಊರಿ, ಬಲಗಾಲಿನಿಂದ ಕೆಸರನ್ನು ಹಿಂದಕ್ಕೆ ಒದೆಯುತ್ತ ಜಾರಿಕೊಂಡು ಹೋಗುತ್ತಾರೆ. ಗಂಡಸರು ಆ ಹಲಗೆಯನ್ನು ಮುಟ್ಟುವುದಿಲ್ಲ. ಮುನ್‌ಗಿಲ್ ಮುಟ್ಟಿದರು. ಏಳನೆಯ ವಯಸ್ಸಿನಿಂದ ಇಪ್ಪತ್ತರವರೆಗೆ, ಶಾಲೆಗೆ ಮೊದಲು, ಶಾಲೆ ಬಿಟ್ಟ ಮೇಲೆ ದಿನವಿಡೀ, ತಾಯಿಯ ಹಿಂದೆ ತಮ್ಮದೊಂದು ಹಲಗೆ ಒದ್ದರು.

ಹಾಗೆ ವರ್ಷಗಟ್ಟಲೆ ಒದ್ದವರಿಗೆ ಒಂದು ನಡಿಗೆ ಅಂಟಿಕೊಳ್ಳುತ್ತದೆ. ಎಡ ಮಂಡಿ ಪೂರ್ತಿ ಬಗ್ಗುವುದಿಲ್ಲ. ಬಲಗಾಲು ಮೊದಲು ಹಿಂದಕ್ಕೆ ಒದ್ದು, ಆಮೇಲೆ ಹೊರಗಡೆಯಿಂದ ಸುತ್ತಿ ಮುಂದೆ ಬರುತ್ತದೆ. ಊರಿನ ಹುಡುಗರು ಅವರನ್ನು "ಹಲಗೆ ಹೆಂಗಸು" ಎಂದು ಕರೆಯುತ್ತಿದ್ದರು.

ಇಪ್ಪತ್ತನೆಯ ವಯಸ್ಸಿಗೆ ಸಿಯೋಲಿಗೆ ಹೋಗಿ ನಾಟಕದ ತಂಡ ಸೇರಿದಾಗ ಅಲ್ಲಿನ ಗುರು ಮೊದಲ ದಿನವೇ ಹೇಳಿದ್ದಿಷ್ಟು: "ನೀನು ರಾಜನ ಪಾತ್ರ ಮಾಡಿದ್ರೂ ಕೆಸರಿನವನೇ, ಕಳ್ಳನ ಪಾತ್ರ ಮಾಡಿದ್ರೂ ಕೆಸರಿನವನೇ. ಮೊದಲು ಆ ಕಾಲನ್ನ ಕೊಂದು ಬಾ." ಮುನ್‌ಗಿಲ್ ಕೊಂದರು. ಮಂಡಿಗಳ ನಡುವೆ ಮರದ ತುಂಡು ಸಿಕ್ಕಿಸಿಕೊಂಡು ತಂಡದ ನೆಲಮಾಳಿಗೆಯಲ್ಲಿ ಎರಡು ಚಳಿಗಾಲ ನಡೆದರು. ತುಂಡು ಬಿದ್ದರೆ ಬೆನ್ನಿಗೆ ಕೋಲು. ಕೊನೆಗೆ ಅವರ ನಡಿಗೆ ಯಾರದೂ ಅಲ್ಲದ ನಡಿಗೆಯಾಯಿತು. ಅದರ ಮೇಲೆ ಕರ್ನಲ್‌ನನ್ನೂ ಕಟ್ಟಬಹುದು, ಕಟುಕನನ್ನೂ ಕಟ್ಟಬಹುದು. ಅವರ ಅನ್ನ ಅದರಿಂದಲೇ ಬಂತು.

ಇನ್ನು ಸಾವಿನ ವಿಷಯ. ಟಾಕ್ ತೆರೆಯ ಮೇಲೆ ಎಷ್ಟು ಸಲ ಸತ್ತಿದ್ದಾರೋ ಅವರಿಗೇ ಗೊತ್ತಿಲ್ಲ. ನಾಲ್ಕು ವರ್ಷದ ಹಿಂದೆ ಮಾತ್ರ ಒಂದು ಚಿತ್ರದಲ್ಲಿ ಸಾಯುವ ಕೆಲಸವೂ ಇರಲಿಲ್ಲ. ಕಥೆ ಶುರುವಾಗುವ ಹೊತ್ತಿಗೇ ಸತ್ತಿರುವ ತಂದೆ. ಕಪ್ಪು ಪಟ್ಟಿ ಕಟ್ಟಿದ ಚೌಕಟ್ಟಿನೊಳಗೆ, ಬಿಳಿ ಹೂವಿನ ನಡುವೆ, ಅವರ ಫೋಟೊ. ಅದರ ಮುಂದೆ ಊದುಬತ್ತಿ ಹಚ್ಚಿ ಮಕ್ಕಳಾದವರು ಅಡ್ಡ ಬೀಳುತ್ತಾರೆ. ಕ್ಯಾಮೆರಾ ಆ ಮುಖದ ಮೇಲೆ ನಿಂತೇ ಇರುತ್ತದೆ.

ಬದುಕಿರುವವರ ಫೋಟೊವನ್ನು ಹಾಗೆ ಇಡುವುದು ಒಳ್ಳೆಯದಲ್ಲವೆಂದು ಸಿನಿಮಾದವರು ಅಂಥ ನಟರ ಕೈಗೆ ಒಂದು ಲಕೋಟೆ ಕೊಡುತ್ತಾರೆ. ಕೆಡುಕು ಕಳೆಯುವ ಹಣ. ಅದನ್ನು ಮನೆಗೆ ಹೋಗುವ ದಾರಿಯಲ್ಲೇ ಮುಗಿಸಿಬಿಡಬೇಕು. ಬಿಸಿ ಗುಕ್‌ಬಾಪ್ ಸಾರನ್ನ ತಿನ್ನಲಿ, ಸೋಜು ಕುಡಿಯಲಿ, ಸಿಕ್ಕವರಿಗೆ ಕೊಡಲಿ, ಹೊಸ್ತಿಲು ಮಾತ್ರ ದಾಟಿಸಬಾರದು. ಟಾಕ್ ಇದನ್ನು ಯಾವತ್ತೂ ತಪ್ಪಿಸಿದವರಲ್ಲ. ಆ ಸಲ ಚುಸೋಕ್ ಹಬ್ಬ ಹತ್ತಿರವಿತ್ತು, ಬೇರೊಂದು ಚಿತ್ರದ ಕೆಲಸ ತಲೆಯ ಮೇಲಿತ್ತು, ಊರಿಗೆ ಹೋಗಲು ಬಿಡುವಿರಲಿಲ್ಲ. ಲಕೋಟೆಯನ್ನು ಪೇರಳೆ ಹಣ್ಣಿನ ಪೆಟ್ಟಿಗೆಯೊಳಗಿಟ್ಟು ಅಕ್ಕ ಮಾಲ್‌ಸುನ್ ಕೈಯಲ್ಲಿ ತಾಯಿಗೆ ಹಬ್ಬದ ಕಾಣಿಕೆ ಎಂದು ಕಳಿಸಿದರು.

ಮರು ವರ್ಷದ ಅದೇ ಹಬ್ಬದ ರಾತ್ರಿ ಟಿವಿಯವರು ಆ ಚಿತ್ರ ಹಾಕಿದರು. ಆಗಲೂ ಟಾಕ್ ಊರಿನಲ್ಲಿರಲಿಲ್ಲ. ತಾಯಿ ಒಬ್ಬರೇ ಕೂತು ನೋಡುತ್ತಿದ್ದರು. ಅಷ್ಟರಲ್ಲಾಗಲೇ ಆಕೆಗೆ ಮರೆವು ಶುರುವಾಗಿತ್ತು, ಒಲೆಯ ಮೇಲೆ ಪಾತ್ರೆ ಸೀಯುತ್ತಿತ್ತು. ತೆರೆಯ ಮೇಲೆ ಕಪ್ಪು ಪಟ್ಟಿಯ ಮಗನ ಮುಖ ಕಂಡದ್ದೇ ಎದೆ ಬಡಿದುಕೊಂಡು ಬೀದಿಗೆ ಓಡಿ ಬಂದರು. ಅದು ಸಿನಿಮಾ ಎಂದು ಬೀದಿಯವರು ಹೇಳಿದರು, ಅಕ್ಕ ಹೇಳಿದರು, ಡಾಕ್ಟರು ಹೇಳಿದರು. ಮೂರನೆಯ ದಿನ ಮಗನೇ ಬಂದು ಎದುರು ನಿಂತಾಗ ಆಕೆ ದೆವ್ವ ಎಂದು ಕಿರುಚಿ ಮುಖಕ್ಕೆ ಉಪ್ಪು ಎರಚಿದರು.

"ಸಾವಿನ ದುಡ್ಡನ್ನ ಹಬ್ಬದ ದಿನ ಅಮ್ಮನ ಕೈಗೆ ಕಳಿಸ್ದೆ. ನನ್ನ ಕೈಲೇ ಹೊರಿಸ್ದೆ. ಇನ್ನೇನಾಗ್ಬೇಕಿತ್ತೋ ನಿಂಗೆ?" ಎಂದು ಅಕ್ಕ ಅಂದು ಕೇಳಿದ್ದರು. ಇವತ್ತಿಗೂ ಫೋನಿನಲ್ಲಿ ಬೇರೆ ಮಾತು ಮುಗಿದ ಮೇಲೆ ಒಮ್ಮೆ ಕೇಳುತ್ತಾರೆ. ಮರೆವಿನ ಕಾಯಿಲೆಗೂ ಲಕೋಟೆಗೂ ಸಂಬಂಧವಿಲ್ಲವೆಂದು ಡಾಕ್ಟರು ವಿವರಿಸಿದಾಗ ಟಾಕ್ ತಲೆದೂಗುತ್ತಾರೆ. ನಂಬುವುದು ಅಕ್ಕನನ್ನು.

ಮಗನಾಗಿ ಬರಬೇಡಿ ಎಂದು ಆರೈಕೆ ಮನೆಯವರು ಹೇಳಿದ ಮೇಲೆ ಅವರು ಬೇರೆಯವರಾಗಿ ಹೋಗತೊಡಗಿದರು. ವಾರಕ್ಕೊಮ್ಮೆ ಸಿಯೋಲಿನಿಂದ ಬಸ್ಸು. ಒಂದು ವಾರ ಗ್ಯಾಸಿನ ಪೈಪು ನೋಡುವವನು, ಒಂದು ವಾರ ಆರೋಗ್ಯ ಕಚೇರಿಯ ಗುಮಾಸ್ತ, ಒಂದು ವಾರ ಭಿಕ್ಷು. ಭಿಕ್ಷುವಾಗಿ ಹೋದ ದಿನ ತಾಯಿ ಸತ್ತ ಮಗನಿಗೆ ಮಂತ್ರ ಹೇಳಿಸಿಕೊಂಡರು. ತಮ್ಮ ಸದ್ಗತಿಗೆ ತಾವೇ ಕೂತು ಮಂತ್ರ ಹೇಳಿದರು ಟಾಕ್. ಊಟದ ಹೊತ್ತಿಗೆ ಆಕೆ ಮೊದಲ ಚಮಚ ಅನ್ನವನ್ನು ಸಣ್ಣ ಬಟ್ಟಲಲ್ಲಿ ಮಗನಿಗೆ ಎಡೆ ಇಡುತ್ತಾರೆ. ಊಟವಾದ ಮೇಲೆ ಬಂದವರಿಗೆ ಅದನ್ನೇ ಕೊಡುತ್ತಾರೆ. "ತಿನ್ನಪ್ಪ, ನನ್ ಮಗನ ಎಡೆ. ಹೊರಗಿನೋರು ತಿಂದ್ರೆ ಅವನಿಗೆ ಒಳ್ಳೇದು." ಟಾಕ್ ತಮ್ಮ ಎಡೆಯನ್ನು ತಾವೇ ತಿನ್ನುತ್ತಾರೆ.

ಈ ದೇಶದ ವಿಮರ್ಶಕರಿಗೆ ಒಂದು ಮಾತು. ಈತನ ಅತ್ಯುತ್ತಮ ಅಭಿನಯ ನಡೆಯುತ್ತಿರುವುದು ಆ ಕೋಣೆಯಲ್ಲಿ. ನೋಡುವವರು ಇಬ್ಬರೇ, ಒಬ್ಬ ಮುದುಕಿ, ಒಬ್ಬ ದಾದಿ. ನಿಮ್ಮ ನಕ್ಷತ್ರಗಳ ಲೆಕ್ಕವನ್ನು ನೀವೇ ಇಟ್ಟುಕೊಳ್ಳಿ.

ಹೋದ ಚಳಿಗಾಲದ ಶುರುವಿನಲ್ಲಿ, ಗ್ಯಾಸಿನವನಾಗಿ ಹೋದ ದಿನ, ತಾಯಿ ಒಂದು ಮಾತು ಹೇಳಿದರು. "ನನ್ ಮಗ ಇದ್ದಿದ್ರೆ ನಿನ್ನಂಗೇ ಇರ್ತಿದ್ದ ಕಣಪ್ಪ. ಆದ್ರೆ ನಡಿಗೆ ನಿಂದಲ್ಲ. ಅವನು ಹಲಗೆ ಒದ್ದೋನು. ಕಣ್ ಮುಚ್ಕೊಂಡಿದ್ರೂ ಕಾಲ್ ಸದ್ದಲ್ಲೇ ನಂಗೆ ಗೊತ್ತಾಗೋದು."

ಟಾಕ್ ಅಂದು ಬಸ್ ನಿಲ್ದಾಣದಲ್ಲಿ ಬಹಳ ಹೊತ್ತು ಕೂತಿದ್ದರಂತೆ. ಆಕೆ ಕೇಳುತ್ತಿರುವ ಕಾಲನ್ನು ಅವರು ನಲವತ್ತು ವರ್ಷದ ಹಿಂದೆ ಕೊಂದಿದ್ದರು.

ಆಗ ಬಂತು ಈಗಿನ ಚಿತ್ರದ ಕರೆ. ಸಮುದ್ರದಲ್ಲಿ ಕಳೆದುಹೋದ ಮೀನುಗಾರ, ಕೊನೆಯ ದೃಶ್ಯದಲ್ಲಿ ಕೆಸರು ದಾಟಿ ನಡೆದುಕೊಂಡು ಮನೆಗೆ ಬರುತ್ತಾನೆ. ಟಾಕ್ ಬೇರೇನೂ ಕೇಳದೆ ಒಪ್ಪಿದರು. ಆ ನಡಿಗೆಯನ್ನು ಅದೇ ಕೆಸರಿನಲ್ಲಿ ಎಬ್ಬಿಸಬೇಕು. ಚಿತ್ರ ಯಾವತ್ತೋ ಒಂದು ಹಬ್ಬಕ್ಕೆ ಟಿವಿಯಲ್ಲಿ ಬರುತ್ತದೆ. ಟಿವಿ ಕೊಂದ ಮಗನನ್ನು ಟಿವಿಯೇ ಮನೆಗೆ ತಂದು ಬಿಡಲಿ.

ಇವತ್ತು ಆ ದೃಶ್ಯ. ಬೆಳಕು ಹರಿಯುವ ಹೊತ್ತಿಗೆ ನಿರ್ದೇಶಕ ನಾಮ್‌ಗುಂಗ್ ದಂಡೆಯಿಂದ ಕೈ ಬೀಸಿ ಕರೆಯುತ್ತಾನೆ. ವಯಸ್ಸು ಮೂವತ್ತೈದು ದಾಟಿಲ್ಲ. ಕಣ್ಣು ಕೆಂಪಗಾಗಿದೆ.

"ಮೇಷ್ಟ್ರೇ, ರಾತ್ರಿಯೆಲ್ಲ ಯೋಚನೆ ಮಾಡ್ದೆ. ನೀವು ವಾಪಸ್ ಬರಬಾರದು."

"ಎಲ್ಲಿಗೆ?"

"ಮನೆಗೆ. ಸಮುದ್ರಕ್ಕೆ ಹೋದೋನು ನಡ್ಕೊಂಡು ಬಂದ್ರೆ ಯಾರೂ ನಂಬಲ್ಲ. ಹೆಣ ಬಂದ್ರೆ ನಂಬ್ತಾರೆ. ಅಳ್ತಾರೆ ಕೂಡ."

"ಬರ್ತಾನೆ ಅಂತ್ಲೇ ನಾನು ಒಪ್ಕೊಂಡಿದ್ದು."

"ಗೊತ್ತು. ಆದ್ರೆ ಸಾಯೋದ್ರಲ್ಲಿ ನಿಮ್ಮನ್ನ ಬಿಟ್ರೆ ಇಲ್ಲ ಮೇಷ್ಟ್ರೇ. ಯಾರನ್ನ ಬೇಕಾದ್ರೂ ಕೇಳಿ." ಹೊಗಳಿದೆ ಎಂದೇ ಅವನು ತಿಳಿದಿದ್ದಾನೆ. "ಆಮೇಲೆ ಒಂದು ಫೋಟೊ ತೆಗೀಬೇಕು. ಕಪ್ಪು ಪಟ್ಟಿ ಕಟ್ಟಿ ಇಡೋಕೆ."

ಟಾಕ್ ಅಂಗೈಯ ಕೆಸರನ್ನು ಅಂಗಿಗೆ ಒರೆಸುತ್ತಾರೆ. "ಹೆಣ ಆಗ್ತೀನಿ. ಫೋಟೊ ಕೊಡಲ್ಲ."

"ಏನಂದ್ರಿ?"

"ಫೋಟೊ ಕೊಡಲ್ಲ. ಹೆಣಾನೂ ಬೋರಲು ಬೀಳ್ತೀನಿ. ಮುಖ ಕಾಣಬಾರದು."

ಕಾಫಿ ಹೀರುತ್ತಿದ್ದವರು ಲೋಟ ಇಳಿಸುತ್ತಾರೆ. ಮುಖ ಇನ್ನೊಂಚೂರು ಕಾಣಲಿ ಎಂದು ಕಾಲು ಹಿಡಿಯುವ ನಟರನ್ನು ಅವರು ಕಂಡಿದ್ದಾರೆ. ಮುಖ ಕಾಣಬಾರದು ಎಂದು ಜಗಳ ತೆಗೆದವರನ್ನು ಕಂಡಿಲ್ಲ. ಮೂವತ್ತೈದು ವರ್ಷದಲ್ಲಿ ಟಾಕ್ ಆಗಲ್ಲ ಎಂದದ್ದು ಇದೇ ಮೊದಲು.

"ಮುಖ ಕಾಣದಿದ್ರೆ ನೀವ್ಯಾಕೆ ಬೇಕು ಮೇಷ್ಟ್ರೇ? ಯಾರನ್ನಾದ್ರೂ ಮಲಗಿಸ್ತೀನಿ."

"ಮಲಗಿಸಪ್ಪ. ಇಲ್ಲೇ ಇದಾರಲ್ಲ ಇಷ್ಟು ಜನ."

ನಾಮ್‌ಗುಂಗ್ ಸುತ್ತ ನೋಡುತ್ತಾನೆ. ಎಲ್ಲರೂ ಬೇರೆಲ್ಲೋ ನೋಡುತ್ತಾರೆ. ದೂರದಲ್ಲಿ ನೀರು ತಿರುಗುತ್ತಿದೆ, ಇನ್ನು ಹೆಚ್ಚು ಹೊತ್ತಿಲ್ಲ. ಅವನು ಹಲ್ಲು ಕಚ್ಚಿ ಹೇಳುತ್ತಾನೆ: "ಸರಿ, ಬೋರಲೇ ಬೀಳಿ. ಮುಂದಿನ ಚಿತ್ರಕ್ಕೆ ನಿಮ್ಮನ್ನ ಕರೀಬೇಕಾ ಅಂತ ಯೋಚನೆ ಮಾಡ್ತೀನಿ."

"ಮಾಡು," ಎಂದು ಟಾಕ್ ಕೆಸರಿಗೆ ಇಳಿಯುತ್ತಾರೆ.

ಬೋರಲು ಸಾಯುವುದು ಕಷ್ಟದ ಕೆಲಸ. ಬಾಯಿಯ ಕೆಳಗೆ ಮುಷ್ಟಿಯಷ್ಟು ಗುಂಡಿ ತೋಡಿ, ಅದರೊಳಗಿನ ಗಾಳಿಯನ್ನೇ ಒಳಗೆಳೆದು ಒಳಗೇ ಬಿಡಬೇಕು. ಬೆನ್ನು ಏಳಬಾರದು. ಸಣ್ಣ ಏಡಿಗಳು ಕುತ್ತಿಗೆಯ ಮೇಲೆ ಹರಿಯುತ್ತವೆ, ಹರಿಯಲಿ. ನೀರು ಮೊದಲು ಪಾದಕ್ಕೆ, ಆಮೇಲೆ ಸೊಂಟಕ್ಕೆ ಬರುತ್ತದೆ. ಕ್ಯಾಮೆರಾ ಓಡುತ್ತಲೇ ಇದೆ. ಸಾಕು ಎಂದು ಕೂಗಿದಾಗಲೂ ಟಾಕ್ ಏಳುವುದಿಲ್ಲ. ಇಬ್ಬರು ಓಡಿಹೋಗಿ ತೋಳು ಹಿಡಿದು ಎಬ್ಬಿಸುತ್ತಾರೆ. ತುಟಿ ನೀಲಿಗಟ್ಟಿದೆ, ಮೈ ನಿಲ್ಲದೆ ನಡುಗುತ್ತಿದೆ.

ಹೆಣಕ್ಕೂ ಲಕೋಟೆ ಉಂಟು. ಟಾಕ್ ಅದನ್ನು ಬೆರಳಿನಿಂದಲೂ ಮುಟ್ಟುವುದಿಲ್ಲ. ಉಡುಪು ನೋಡಿಕೊಳ್ಳುವ ಹೆಂಗಸಿನ ಕಡೆ ಗಲ್ಲ ತೋರಿಸುತ್ತಾರೆ. "ಅವಳಿಗೆ ಕೊಡಿ. ಎಲ್ಲರಿಗೂ ಗುಕ್‌ಬಾಪ್ ತಿನ್ನಿಸಲಿ. ನಂಗೆ ಈ ಅಂಗಿ ಸಂಜೆ ತನಕ ಬೇಕು ಕಣಮ್ಮ."

"ಒಗೆದು ಒಣಗಿಸಿ ಕೊಡ್ತೀನಿ ಇರಿ ಮೇಷ್ಟ್ರೇ, ಹೀಗೆ ಹಾಕ್ಕೊಂಡ್ರೆ ನಿಜವಾಗ್ಲೂ ಹೋಗ್ಬಿಡ್ತೀರಾ."

"ಒಗೀಬೇಡ. ಕೆಸರೇ ಬೇಕು."

ಬೆಂಕಿಯ ಮುಂದೆ ಮೈ ಕಾಯಿಸಿಕೊಂಡು, ಎಲ್ಲರೂ ಊಟಕ್ಕೆ ಹೋದ ಮೇಲೆ, ಅವರು ದಂಡೆಯ ಗಟ್ಟಿ ನೆಲದ ಮೇಲೆ ಮತ್ತೆ ನಡೆಯುತ್ತಾರೆ. ಎಡ ಮಂಡಿಯನ್ನು ಬಿಗಿಯುತ್ತಾರೆ, ಬಲಗಾಲನ್ನು ಒದೆಯುತ್ತಾರೆ. ಬೆಳಗಿನಿಂದ ಬಾರದ್ದು ಈಗ ಬರುತ್ತದೆ. ಚಳಿಗೆ ಮಂಡಿ ತಾನಾಗಿಯೇ ಮರಗಟ್ಟಿದೆ. ಹೆಜ್ಜೆ ನೆಲಕ್ಕೆ ಬಿದ್ದಾಗ ಒಂದು ಮೆತ್ತನೆಯ ಸದ್ದು, ಒಂದು ಎಳೆಯುವ ಸದ್ದು. ಟಾಕ್ ನಿಂತು ಆ ಸದ್ದನ್ನು ಕೇಳುತ್ತಾರೆ. ಮತ್ತೆ ನಡೆದು ಮತ್ತೆ ಕೇಳುತ್ತಾರೆ.

ಬೋಲ್‌ಗ್ಯೊ ಬಸ್ಸಿನಲ್ಲಿ ಕೆಸರು ಮೆತ್ತಿದ ಮುದುಕನ ಪಕ್ಕ ಯಾರೂ ಕೂರುವುದಿಲ್ಲ. ಆರೈಕೆ ಮನೆಯ ಎರಡನೆಯ ಮಹಡಿಯಲ್ಲಿ ದಾದಿ ಚೊನ್ ಎದುರಾಗುತ್ತಾರೆ. ಐವತ್ತರ ಹೆಂಗಸು. ವಾರವಾರವೂ ಕೇಳುವ ಪ್ರಶ್ನೆಯನ್ನೇ ಕೇಳುತ್ತಾರೆ, ಅದಕ್ಕೆ ತಕ್ಕ ಹಾಗೆ ತಾವೂ ಮಾತಾಡಬೇಕಲ್ಲ.

"ಇವತ್ತು ಯಾರಣ್ಣ ನೀವು?"

"ಇವತ್ತು ನಾನೇ."

ಚೊನ್ ಕೈಯಲ್ಲಿನ ತಟ್ಟೆ ಕೆಳಗಿಡುತ್ತಾರೆ. "ಬೇಡ ಅಣ್ಣ. ಅಜ್ಜಿ ಈ ವಾರ ಸಮಾಧಾನವಾಗಿದಾರೆ. ಮತ್ತೆ ಉಪ್ಪು ಎರಚ್ತಾರೆ."

"ಎರಚಲಿ. ಉಪ್ಪು ತಿಂದೇ ಬಂದಿದೀನಿ."

ಚೊನ್ ಬಾಗಿಲು ಬಿಟ್ಟು ಸರಿಯುತ್ತಾರೆ. ಕಾರಿಡಾರಿನ ತುದಿಯಿಂದ ಟಾಕ್ ನಡೆಯುತ್ತಾರೆ. ಮೆತ್ತನೆಯ ಸದ್ದು, ಎಳೆಯುವ ಸದ್ದು. ಕೋಣೆಯೊಳಗೆ ತಾಯಿ ಬಾಗಿಲಿಗೆ ಬೆನ್ನು ಹಾಕಿ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದಾರೆ. ತೊಡೆಯ ಮೇಲೆ ಗಂಜಿಯ ಬಟ್ಟಲಿದೆ, ಪಕ್ಕದಲ್ಲಿ ಎಡೆಯ ಸಣ್ಣ ಬಟ್ಟಲು. ಬಾಯಿಗೆ ಹೋಗುತ್ತಿದ್ದ ಚಮಚ ಅರ್ಧದಲ್ಲಿ ನಿಲ್ಲುತ್ತದೆ. ಸದ್ದು ಹತ್ತಿರ ಬರುತ್ತದೆ. ಆಕೆಯ ಕತ್ತು ನೆಟ್ಟಗಾಗುತ್ತದೆ.

"ಮುನ್‌ಗಿಲಾ?" ಎನ್ನುತ್ತಾರೆ ಕಿಟಕಿಗೇ ಮುಖ ಇಟ್ಟುಕೊಂಡು. "ನೀರು ತಿರುಗ್ತಾ ಇದೆಯಲ್ಲೋ, ಇಷ್ಟೊತ್ತು ಎಲ್ಲಿದ್ಯಲಾ?"

"ಅಮ್ಮಾ, ಬಂದೆ," ಎನ್ನುತ್ತಾರೆ ಟಾಕ್.

ಆಕೆ ತಿರುಗುತ್ತಾರೆ. ಬಾಗಿಲಲ್ಲಿ ಕೆಸರು ಮೆತ್ತಿದ, ತಲೆ ನರೆತ ಒಬ್ಬ ಮುದುಕ ನಿಂತಿದ್ದಾನೆ. ಆಕೆ ಅವನ ಮುಖ ನೋಡುತ್ತಾರೆ, ಕಾಲು ನೋಡುತ್ತಾರೆ, ಮತ್ತೆ ಮುಖ ನೋಡುತ್ತಾರೆ. ಕಣ್ಣಿನೊಳಗೆ ಹೊತ್ತಿಕೊಂಡದ್ದು ಆರುವುದನ್ನು ಬಾಗಿಲಲ್ಲಿ ನಿಂತ ಚೊನ್ ಕೂಡ ಕಾಣುತ್ತಾರೆ. ಆಕೆ ಉಪ್ಪು ಎರಚುವುದಿಲ್ಲ. ಕಿರುಚುವುದೂ ಇಲ್ಲ.

"ಯಾರ ಮನೆಯೋನಪ್ಪ ನೀನು," ಎನ್ನುತ್ತಾರೆ ಮೆಲ್ಲಗೆ. "ಸತ್ತೋನ ನಡಿಗೆ ಕದ್ಕೊಂಡ್ ಬಂದಿದೀಯಲ್ಲ. ಎಲ್ಲಾ ಕಳ್ಕೊಂಡೋಳ ಹತ್ರ ಆಟ ಆಡ್ತೀಯಾ? ಅದೊಂದ್ ಉಳಿದಿತ್ತು ನಂಗೆ. ಅದ್ನಾದ್ರೂ ಅವನಿಗೇ ಬಿಡು."

ಆಕೆ ಎಡೆಯ ಬಟ್ಟಲನ್ನು ಎರಡೂ ಕೈಯಿಂದ ಮುಚ್ಚಿಕೊಂಡು ಕಿಟಕಿಯ ಕಡೆ ತಿರುಗುತ್ತಾರೆ. ಭುಜ ಅಲುಗುತ್ತಿದೆ. ಇವತ್ತು ಆ ಅನ್ನ ಯಾರಿಗೂ ಸಿಗುವುದಿಲ್ಲ. ಚೊನ್ ಬಂದು ಟಾಕ್ ಅವರ ತೋಳು ಹಿಡಿದು ಹೊರಗೆ ಕರೆತರುತ್ತಾರೆ. ಕಾರಿಡಾರಿನ ಉದ್ದಕ್ಕೂ ಅವರು ಹಿಂದಕ್ಕೆ ನಡೆಯುವಾಗ ಸದ್ದೇ ಇಲ್ಲ. ಅದು ಯಾರದೂ ಅಲ್ಲದ ನಡಿಗೆ.

ಕೆಳಗೆ ಗೇಟಿನ ಹತ್ತಿರ ಚೊನ್ ಒಂದು ಒದ್ದೆ ಬಟ್ಟೆ ತಂದುಕೊಡುತ್ತಾರೆ. ಟಾಕ್ ಮುಖ ಒರೆಸಿಕೊಳ್ಳುತ್ತಾರೆ, ಕತ್ತು ಒರೆಸಿಕೊಳ್ಳುತ್ತಾರೆ. ಅಂಗಿಯ ಕೆಸರು ಒಣಗಿ ಪುಡಿಪುಡಿಯಾಗಿ ಉದುರುತ್ತಿದೆ. ಸಂಜೆಯೊಳಗೆ ಅದನ್ನು ಹಿಂದಿರುಗಿಸಬೇಕು.

"ಬರೋ ವಾರ ಗ್ಯಾಸ್‌ನೋರಾಗೇ ಬನ್ನಿ ಅಣ್ಣ," ಎನ್ನುತ್ತಾರೆ ಚೊನ್. "ಅವರ ಹತ್ರ ಅಜ್ಜಿ ಚೆನ್ನಾಗಿ ಮಾತಾಡ್ತಾರೆ."

"ಅವನೇ ಬರ್ತಾನೆ."

ಬಟ್ಟೆಯನ್ನು ಮಡಿಸಿ ಆಕೆಯ ಕೈಗೆ ಕೊಟ್ಟು, ಬಸ್ಸಿನ ಕಡೆ ಎರಡು ಹೆಜ್ಜೆ ಹಾಕಿ, ಟಾಕ್ ನಿಲ್ಲುತ್ತಾರೆ.

"ಆದ್ರೆ ನಡಿಗೆ ಸರಿಯಾಗಿತ್ತು ಕಣಮ್ಮ. ನೀನೂ ಕೇಳಿಸ್ಕೊಂಡ್ಯಲ್ಲ? ತಿರುಗಿ ನೋಡೋಕ್ ಮುಂಚೆ ಹೆಸರು ಹಿಡಿದು ಕರೆದ್ಲು."